ರಸಶಾಲೆ: ಪೂರ್ವಕ್ಕೆ ಭೈರವ, ಆಗ್ನೇಯಕ್ಕೆ ಕುಲುಮೆ

ಹೋದ ತಿಂಗಳ ಮಾತನ್ನ ಬರಹದಲ್ಲೂ ಕೊಡಿ ಅಂತ ಕೇಳಿದವರಿಗಾಗಿ ಇದು. ವಿಡಿಯೊದಲ್ಲಿ ಗಡಿಬಿಡಿಯಲ್ಲಿ ದಾಟಿಸಿದ ಕೆಲವು ವಿಷಯಗಳನ್ನ ಇಲ್ಲಿ ಬಿಡಿಸಿ ಬರೆದಿದ್ದೇನೆ. ನಮ್ಮಜ್ಜನ ಕತೆ ಅಲ್ಲಿ ಅರ್ಧ ಹೇಳಿದ್ದೆ. ಉಳಿದ ಅರ್ಧ ನನಗೇ ಗೊತ್ತಾಗಿದ್ದು ಆಮೇಲೆ. ಅದು ಕೊನೆಗೆ ಬರುತ್ತೆ.

ಶುರುವಾಗಿದ್ದು ವಿಶಾಖಪಟ್ಟಣದಲ್ಲಿ. ಋಷಿಕೊಂಡದ ಗುಡ್ಡದ ಮೇಲೆ ಆಫೀಸು, ಕೆಳಗೆ ಭೀಮಿಲಿ ರೋಡಿನ ಕಡೆ ನಾಲ್ಕು ಜನ ಸೇರಿ ಹಿಡಿದಿದ್ದ ಬಾಡಿಗೆ ಮನೆ. ಶನಿವಾರ ರಾತ್ರಿ ದಾಳ ಹಾಕಿ ಆಡುವ ಕತೆಯ ಆಟ ನಡೀತಿತ್ತು. ಒಬ್ಬ ಕತೆ ನಡೆಸ್ತಾನೆ, ಉಳಿದವರು ಅದರೊಳಗಿನ ಪಾತ್ರಗಳು. ನಮ್ಮ ಕತೆಗಾರ ವಿಜಯವಾಡದ ಹುಡುಗ, ನಮ್ಮದೇ ಟೀಮಿನವನು. ಒಂದು ರಾತ್ರಿ ನಮ್ಮನ್ನ ಯಾವುದೋ ಇಲ್ಲದ ರಾಜ್ಯದ ಮಾಂತ್ರಿಕನ ಪ್ರಯೋಗಶಾಲೆಗೆ ಕರ್ಕೊಂಡು ಹೋದ. ಪೂರ್ವ ಗೋಡೆಗೆ ಹೊಳೆಯುವ ಬೆಳ್ಳಿಬಣ್ಣದ ಒಂದು ಲಿಂಗ. ಆಗ್ನೇಯಕ್ಕೆ ಸಾಲುಸಾಲು ಒಲೆಗಳು. ದೀಕ್ಷೆ ಇಲ್ಲದವನು ಹೊಸಿಲು ದಾಟಿದರೆ ಒಳಗಿನ ದ್ರವ ಆವಿಯಾಗಿ ಓಡಿಹೋಗುತ್ತೆ. ನನ್ನ ಪಾತ್ರ ದೀಕ್ಷೆ ಇಲ್ಲದೆ ನುಗ್ಗಿ ಸತ್ತಿತು, ಅದು ಬೇರೆ ಮಾತು. ಆಟ ಮುಗಿದ ಮೇಲೆ "ಎಂಥಾ ಕಲ್ಪನೆ ಮಾರಾಯ ನಿಂದು" ಅಂದೆ. ಅವನು ನಕ್ಕು, ಮಾಂತ್ರಿಕನ ಗಡ್ಡ ಮತ್ತು ನಗು 'ಪಾತಾಳ ಭೈರವಿ'ಯ ಎಸ್.ವಿ. ರಂಗಾರಾವ್ ಅವರದ್ದು, ಗವಿ ಚಂದಮಾಮದ್ದು, ಆದರೆ ಕೋಣೆ ಮಾತ್ರ ನಿಜದ್ದು ಅಂದ. ಅವರ ತಾತನ ಕಪಾಟಿನಲ್ಲಿ ಒಂದು ಪುಸ್ತಕ ಇತ್ತಂತೆ, 'ರಸರತ್ನಸಮುಚ್ಚಯ'. ಯಾವ ದಿಕ್ಕಿಗೆ ಏನಿರಬೇಕು ಅಂತ ಅದರಲ್ಲೇ ಬರೆದಿದೆ. ಅದು ಕಲ್ಪನೆ ಅಲ್ಲ, ಫ್ಲೋರ್ ಪ್ಲಾನ್!

ನನಗೆ ಒಳಗೆ ಚುರುಕ್ ಅಂತು. ಹೊಸಪೇಟೆ ಹತ್ತಿರದ ನಮ್ಮೂರಿನ ಮನೆಯಲ್ಲಿ, ದೇವರ ಜಗಲಿಯ ಮೇಲೆ, ಅಜ್ಜನ ಕಾಲದ ಒಂದು ಮಣ್ಣಿನ ಮೂಸೆ ಇದೆ. ಪಕ್ಕದಲ್ಲಿ ಬಟ್ಟೆಯ ಬಿರಡೆ ಹಾಕಿದ ಒಂದು ಹಳೇ ಔಷಧಿ ಸೀಸೆ. ಒಳಗೆ ಪಾದರಸ.

ರಸರತ್ನಸಮುಚ್ಚಯವನ್ನ ಪಂಡಿತರು ಸುಮಾರು 13-14ನೇ ಶತಮಾನಕ್ಕೆ ಹಾಕ್ತಾರೆ. ವಾಗ್ಭಟನ ಹೆಸರಲ್ಲಿದೆ, ಆದರೆ 'ಅಷ್ಟಾಂಗಹೃದಯ' ಬರೆದ ವಾಗ್ಭಟ ಇವನಲ್ಲ. ಗೆಳೆಯನ ತಾತನ ಪ್ರತಿ ತೆಲುಗು ಲಿಪಿಯಲ್ಲಿ ಅಚ್ಚಾಗಿದ್ದು. ಆಂಧ್ರಕ್ಕೆ ಬಂದ ಕನ್ನಡದವರಿಗೆಲ್ಲ ಗೊತ್ತಿರುವ ಹಾಗೆ, ಬಸ್ಸಿನ ಬೋರ್ಡು ಓದಿ ಓದಿ ಆ ಲಿಪಿ ಕಣ್ಣಿಗೆ ಹತ್ತಿಬಿಡುತ್ತೆ. ಸಂಸ್ಕೃತಕ್ಕೆ ಅವನ ಸಹಾಯ, ಲೋಹದ ರಸಾಯನಕ್ಕೆ ನನ್ನ ಎಂಟೆಕ್ ಕಾಲದ ಹಾಸ್ಟೆಲ್ ಗೆಳೆಯನೊಬ್ಬನ ಸಹಾಯ. ನಾನು ಪಂಡಿತ ಅಲ್ಲ, ಕೋಡ್ ಓದಿದ ಹಾಗೆ ಓದಿದವನು. ಆ ಮಿತಿ ನೆನಪಿರಲಿ.

ರಸಶಾಲೆ ಎಲ್ಲಿ ಕಟ್ಟಬೇಕು? ಉಪದ್ರವ ಇಲ್ಲದ ಜಾಗ, ಸುತ್ತ ಗಿಡಮೂಲಿಕೆ, ಹತ್ತಿರ ಬಾವಿ. ಪೂರ್ವಕ್ಕೆ ರಸಭೈರವನ ಸ್ಥಾಪನೆ. ಆಗ್ನೇಯಕ್ಕೆ ಬೆಂಕಿಯ ಕೆಲಸ. ದಕ್ಷಿಣಕ್ಕೆ ಕಲ್ಲಿನ ಕೆಲಸ, ಅಂದರೆ ಕುಟ್ಟೋದು ಅರೆಯೋದು. ನೈರುತ್ಯಕ್ಕೆ ಆಯುಧ, ಸಲಕರಣೆ. ಪಶ್ಚಿಮಕ್ಕೆ ತೊಳೆಯೋದು, ವಾಯವ್ಯಕ್ಕೆ ಒಣಗಿಸೋದು. ಉತ್ತರಕ್ಕೆ ವೇಧ, ಅಂದರೆ ಕೀಳು ಲೋಹವನ್ನ ಮೇಲುಲೋಹ ಮಾಡುವ ಕೊನೆಯ ಹಂತ. ಈಶಾನ್ಯಕ್ಕೆ ತಯಾರಾದ ವಸ್ತುಗಳ ದಾಸ್ತಾನು. ದಿಕ್ಪಾಲಕರನ್ನ ನೋಡಿ: ಆಗ್ನೇಯ ಅಗ್ನಿಯದು, ಪಶ್ಚಿಮ ವರುಣನದು, ವಾಯವ್ಯ ಗಾಳಿಯದು. ಒಲೆ, ನೀರು, ಒಣಹಾಕುವ ಜಾಗ ತಾವಾಗೇ ಅಲ್ಲಿ ಹೋಗಿ ಕೂತವು. ಪೂಜೆಯ ನಕ್ಷೆಯೂ ಕೆಲಸದ ನಕ್ಷೆಯೂ ಒಂದೇ ಆಗಿಬಿಟ್ಟಿದೆ. ಒದ್ದೆ ಕೆಲಸ ಬೆಂಕಿಯಿಂದ ದೂರ, ತಯಾರಾದ ಮಾಲು ಪುಡಿ ಧೂಳಿನಿಂದ ದೂರ.

ಲಿಂಗದ ವಿಷಯ ಇನ್ನೂ ಚೆಂದ. ಅದು ಕಲ್ಲಿನದ್ದಲ್ಲ. ಮೂರು ನಿಷ್ಕ ತೂಕದ ಚಿನ್ನದ ತಗಡು, ಒಂಬತ್ತು ನಿಷ್ಕ ಪಾದರಸ, ಹುಳಿ ಹಾಕಿ ಅರೆದು ಲಿಂಗದ ಆಕಾರ ಕೊಡಬೇಕು. ಆಮೇಲೆ ನಿಂಬೆ ಜಾತಿಯ ಹಣ್ಣಿನಲ್ಲಿಟ್ಟು, ಗಂಜಿಹುಳಿಯಿದ್ದ ಪಾತ್ರೆಯಲ್ಲಿ ತೂಗುಬಿಟ್ಟು ಒಂದು ದಿನ ಬೇಯಿಸಬೇಕು. ಪಾದರಸದಲ್ಲಿ ಚಿನ್ನ ಕರಗುತ್ತೆ, ಅಳತೆ ಸರಿಯಾಗಿದ್ದರೆ ಬೆಣ್ಣೆಯ ಹಾಗಿದ್ದದ್ದು ಗಟ್ಟಿಯಾಗುತ್ತೆ. ಅಂದರೆ ಪೂಜೆಗೆ ಕೂರುವ ಮೊದಲೇ ಶಿಷ್ಯ ಒಂದು ಪ್ರಯೋಗ ಮಾಡಿ ಮುಗಿಸಿರಬೇಕು. ಲಿಂಗ ನಿಲ್ಲಲಿಲ್ಲ ಅಂದರೆ ಅಳತೆ ತಪ್ಪಿದೆ ಇಲ್ಲವೇ ಪಾದರಸದಲ್ಲಿ ಕಲಬೆರಕೆ ಇದೆ. ನಮ್ಮ ಭಾಷೆಯಲ್ಲಿ ಹೇಳಬೇಕಂದರೆ ಬಿಲ್ಡ್ ಪಾಸ್ ಆಗದೆ ಒಳಗೆ ಪ್ರವೇಶ ಇಲ್ಲ.

ಸಿಬ್ಬಂದಿಯ ಪಟ್ಟಿಯಲ್ಲಿ ನನಗೆ ತುಂಬ ಇಷ್ಟವಾದದ್ದು: ಬೇರೆಬೇರೆ ದೇಶದ ಭಾಷೆ ಬಲ್ಲವರನ್ನ ಸೇರಿಸಿಕೊಳ್ಳಿ ಅನ್ನೋ ಮಾತು. ಒಂದೇ ಬೇರಿಗೆ ಊರಿಗೊಂದು ಹೆಸರು, ಹೆಸರು ತಪ್ಪಿದರೆ ಪ್ರಯೋಗ ತಪ್ಪುತ್ತೆ. ಏಳುನೂರು ವರ್ಷದ ಹಿಂದಿನ ಪ್ರಯೋಗಶಾಲೆಯೊಂದು ಪರಭಾಷೆಯವರನ್ನ ಬೇಕು ಅಂತ ಕೇಳ್ತಿದೆ. ವೈಜಾಗ್‌ನಲ್ಲಿ ಮನೆ ಓನರಿಗೆ "ಕನ್ನಡದವರು ಸರ್" ಅಂತ ಅಳುಕುತ್ತಾ ಹೇಳಿದ್ದು ನೆನಪಾಯ್ತು.

ಅದೇ ಪಟ್ಟಿಯಲ್ಲಿ ಓದಿ ನಿಲ್ಲಿಸಬೇಕಾದ ಜಾಗವೂ ಇದೆ. ಕೆಲಸ ಸಿದ್ಧಿಸೋಕೆ 'ಕಾಕಿನಿ' ಅನ್ನುವ ಲಕ್ಷಣದ ಹೆಣ್ಣು ಬೇಕು. ಸಿಗದಿದ್ದರೆ ಯಾವುದಾದರೂ ತರುಣಿಗೆ ಮೂರು ವಾರ, ದಿನಾ ಬೆಳಿಗ್ಗೆ ಒಂದು ಕರ್ಷ ಗಂಧಕವನ್ನ ತುಪ್ಪದಲ್ಲಿ ತಿನ್ನಿಸಿದರೆ ಅವಳೂ ಕಾಕಿನಿಗೆ ಸಮ. ಕರ್ಷ ಅಂದರೆ ಸುಮಾರು ಹನ್ನೆರಡು ಗ್ರಾಂ. ಆ ಹುಡುಗಿಗೆ ಏನಾಯ್ತು ಅಂತ ಗ್ರಂಥ ಕೇಳೋದಿಲ್ಲ. ಮೂಸೆ, ತಿದಿ, ಜರಡಿಗಳ ಜೊತೆ ಅವಳೂ ಒಂದು ಉಪಕರಣ.

ಇದನ್ನೆಲ್ಲ ಹೇಳುವಾಗ ಆಂಧ್ರದಲ್ಲಿ ಒಂದು ಹೆಸರು ಬರಲೇಬೇಕು, ನಾಗಾರ್ಜುನ. ವಿಜಯವಾಡದಲ್ಲಿ ಯಾರನ್ನ ಕೇಳಿದರೂ ಕೃಷ್ಣೆಯ ಮೇಲ್ಗಡೆ ಕೈ ತೋರಿಸ್ತಾರೆ, ನಾಗಾರ್ಜುನಕೊಂಡದ ಕಡೆ. 7ನೇ ಶತಮಾನದಲ್ಲಿ ಈ ಸೀಮೆಯಲ್ಲಿ ಓಡಾಡಿದ ಚೀನೀ ಯಾತ್ರಿಕ ಹ್ಯೂಯೆನ್‌ತ್ಸಾಂಗ್, ದಕ್ಷಿಣ ಕೋಸಲದ ಪ್ರಸಂಗದಲ್ಲಿ ಒಂದು ಕತೆ ಬರೆದಿದ್ದಾನೆ. ವಿಹಾರ ಕಟ್ಟಿಸ್ತಾ ರಾಜನ ಬೊಕ್ಕಸ ಬರಿದಾಯ್ತು, ನಾಗಾರ್ಜುನ ಬಂಡೆಗಳ ಮೇಲೆ ದಿವ್ಯೌಷಧ ಚಿಮುಕಿಸಿ ಚಿನ್ನ ಮಾಡಿಕೊಟ್ಟ. ಆದರೆ ಸುಮಾರು 1030ರಲ್ಲಿ ಬರೆದ ಅಲ್‌ಬಿರೂನಿಯ ಪ್ರಕಾರ ರಸಾಯನದ ನಾಗಾರ್ಜುನ ತನಗಿಂತ ನೂರು ವರ್ಷ ಹಿಂದಿನವನು, ಸೋಮನಾಥದ ಹತ್ತಿರದವನು. ಶೂನ್ಯವಾದದ ನಾಗಾರ್ಜುನ 2ನೇ ಶತಮಾನದ ಸುಮಾರಿನವನು. ಒಬ್ಬನೇ ಆಗೋಕೆ ಸಾಧ್ಯ ಇಲ್ಲ. ಹೆಸರು ಒಂದೇ ಆದ್ದರಿಂದ ಜನ ಎರಡನ್ನೂ ಮರ್ಜ್ ಮಾಡಿದ್ದಾರೆ. ನಾಗಾರ್ಜುನಕೊಂಡ ಇಕ್ಷ್ವಾಕು ಅರಸರ ವಿಜಯಪುರಿ. 1954ರಿಂದ 1960ರವರೆಗೆ ಅಣೆಕಟ್ಟಿನ ನೀರು ಏರುವ ಮೊದಲು ಅವಸರದಲ್ಲಿ ಅಗೆದು, ಸಿಕ್ಕಿದ್ದನ್ನ ಗುಡ್ಡದ ತುದಿಗೆ ಸಾಗಿಸಿದರು. ಆ ತುದಿ ಈಗ ದ್ವೀಪ. ದೋಣಿಯಲ್ಲಿ ಹೋಗಿ ಬಂದೆ. ಸ್ತೂಪ, ವಿಹಾರ, ಕೆತ್ತನೆ ನೋಡೋಕೆ ಹೋಗಿ, ಪಾದರಸ ಹುಡುಕೋಕೆ ಬೇಡ. ರಸಸಿದ್ಧರ ನಿಜವಾದ ತವರು ಇನ್ನೂ ಮೇಲಿನ ಶ್ರೀಶೈಲ. ನಿತ್ಯನಾಥನ 'ರಸರತ್ನಾಕರ'ದಲ್ಲಿ ಆ ಬೆಟ್ಟದ ಅದ್ಭುತಗಳಿಗೇ ಒಂದು ಭಾಗ ಇದೆ. ನಮ್ಮ ಅಲ್ಲಮ, ವಜ್ರದೇಹದ ಗೋರಕ್ಷನಿಗೆ ಎದುರಾದ ಕತೆ ಕೇಳಿದವರಿಗೆ ಆ ವಾತಾವರಣ ಹೊಸದಲ್ಲ. ಗೋರಕ್ಷನ ಮೈಗೆ ಕತ್ತಿ ತಾಗಿದರೆ ಖಣ್ ಅಂತು, ಅಲ್ಲಮನ ಮೈಯಲ್ಲಿ ಗಾಳಿ ಸೀಳಿದ ಹಾಗೆ ದಾಟಿತು. ದೇಹವನ್ನ ಲೋಹ ಮಾಡಿಕೊಂಡವನ ಸಿದ್ಧಿಯನ್ನ ನಮ್ಮ ಶರಣರು ದೊಡ್ಡದು ಅಂತ ಒಪ್ಪಲೇ ಇಲ್ಲ.

ಈಗ ಕೇಳಬೇಕಾದ ಪ್ರಶ್ನೆ: ಈ ಕೋಣೆಯಲ್ಲಿ ಏನಾದರೂ ನಿಜವಾಗಿ ಆಗ್ತಿತ್ತಾ?

ಆಗ್ತಿತ್ತು. ಸತುವನ್ನೇ ತಗೊಳ್ಳಿ. 'ರಸಕ' ಅನ್ನುವ ಸತುವಿನ ಅದಿರನ್ನ ಅರಿಶಿನ, ತ್ರಿಫಲೆ, ರಾಳ, ಉಪ್ಪು, ಮಸಿ, ಬಿಳಿಗಾರ ಹಾಕಿ ಹುಳಿಯಲ್ಲಿ ಅರೆದು, ಬದನೆಕಾಯಿ ಆಕಾರದ ಮೂಸೆಗೆ ಹಚ್ಚಿ, ಒಣಗಿಸಿ, ಬಾಯಿ ಮುಚ್ಚಿ ಕಾಯಿಸಿ ಅನ್ನುತ್ತೆ ಗ್ರಂಥ. ಜ್ವಾಲೆ ನೀಲಿಯಿಂದ ಬಿಳಿಗೆ ತಿರುಗಿದಾಗ ಇಕ್ಕಳದಿಂದ ಹಿಡಿದು ಬಾಯಿ ಕೆಳಗೆ ಮಾಡಿ. ಮೊದಲ ಸಲ ಓದಿದಾಗ ಅರಿಶಿನ ತ್ರಿಫಲೆ ನೋಡಿ ಪೂಜೆ ಸಾಮಾನು ಅಂದುಕೊಂಡೆ. ಅಲ್ಲ, ಸುಟ್ಟರೆ ಇದ್ದಿಲಾಗುವ ಯಾವುದಾದರೂ ಸಾಕು. ಅದಿರಿನ ಆಕ್ಸಿಜನ್ ಕಿತ್ತುಕೊಳ್ಳೋದು ಆ ಇಂಗಾಲ. ನೀಲಿ ಜ್ವಾಲೆ ಕಾರ್ಬನ್ ಮೊನಾಕ್ಸೈಡ್ ಉರಿಯೋದು, ಬಿಳಿ ಜ್ವಾಲೆ ಸತುವಿನ ಆವಿಯೇ ಉರಿಯೋಕೆ ಶುರುವಾಗಿದ್ದು. ಥರ್ಮಾಮೀಟರ್ ಇಲ್ಲದ ಕಾಲದಲ್ಲಿ ಬಣ್ಣವೇ ಲಾಗ್. ಸತು 907 ಡಿಗ್ರಿಗೇ ಕುದಿಯುತ್ತೆ, ಅದಿರಿನಿಂದ ಬಿಡಿಸೋಕೆ ಸಾವಿರದ ಮೇಲೆ ಬೇಕು. ಹಾಗಾಗಿ ಅದು ಹುಟ್ಟೋದೇ ಆವಿಯಾಗಿ, ಗಾಳಿ ತಾಗಿದರೆ ಮತ್ತೆ ಬೂದಿ. ಆ ಆವಿಯನ್ನ ಕೆಳಮುಖವಾಗಿ ಇಳಿಸಿ ತಣಿಸಬೇಕು. ಯುರೋಪಿನಲ್ಲಿ ಬ್ರಿಸ್ಟಲ್‌ನ ವಿಲಿಯಂ ಚಾಂಪಿಯನ್ ಇದಕ್ಕೆ ಪೇಟೆಂಟ್ ತಗೊಂಡಿದ್ದು 1738ರಲ್ಲಿ.

ಉದಯಪುರದ ಹತ್ತಿರ ಝಾವರ್‌ನಲ್ಲಿ ಇದೇ ತತ್ವದ ಕುಲುಮೆಗಳು ಸಿಕ್ಕಿವೆ. ಒಂದೊಂದರಲ್ಲಿ 36 ಮೂಸೆ, ಎಲ್ಲ ತಲೆಕೆಳಗು, ಆಕಾರ ಥೇಟ್ ಬದನೆಕಾಯಿ. ಕೆಲಸ ಮುಗಿದ ಮೂಸೆಗಳನ್ನ ಅಲ್ಲಿನ ಜನ ಮನೆ ಗೋಡೆಗೆ ಇಟ್ಟಿಗೆ ಬದಲು ಬಳಸಿದ್ದಾರೆ. ವೈಜಾಗ್‌ನಲ್ಲೂ ಒಂದು ಸತು ಕಾರ್ಖಾನೆ ಇತ್ತು, ಝಾವರ್ ಗಣಿ ನಡೆಸುವ ಹಿಂದೂಸ್ತಾನ್ ಜಿಂಕ್‌ನದ್ದೇ. 1977ರಲ್ಲಿ ಶುರುವಾಗಿ 2012ರಲ್ಲಿ ಮುಚ್ಚಿತು. ಅಲ್ಲಿ ಮೂಸೆ ಇಲ್ಲ, ಕರೆಂಟಿನಿಂದ ಸತು ಬಿಡಿಸ್ತಿದ್ದರು. ಆ ಕಡೆ ಹೋಗುವಾಗೆಲ್ಲ ನನಗೆ ಈಗ ಬದನೆಕಾಯಿ ನೆನಪಾಗುತ್ತೆ.

ಹಾಗಾದರೆ ಚಿನ್ನ? ಇಲ್ಲೇ ತೊಡಕು. ಕಾಯಿಸಿದ ರಸಕವನ್ನ ತಾಮ್ರದ ಜೊತೆ ಕರಗಿಸಿದರೆ ಚಿನ್ನವಾಗುತ್ತೆ ಅಂತ ಹಳೇ ಗ್ರಂಥಗಳಲ್ಲಿದೆ. ಆಗೋದು ಹಿತ್ತಾಳೆ. ಚಿನ್ನ ಕರಗಿದ ಪಾದರಸವನ್ನ ತಾಮ್ರಕ್ಕೆ ಬಳಿದು ಕಾಯಿಸಿದರೆ ಪಾದರಸ ಹಾರಿಹೋಗಿ ಮೇಲೆ ಚಿನ್ನದ ಪೊರೆ ಉಳಿಯುತ್ತೆ. ಅದು ಮುಲಾಮು, ದೇವಸ್ಥಾನದ ಕಳಶಕ್ಕೆ ಮಾಡ್ತಿದ್ದದ್ದು. ಎರಡರಲ್ಲೂ ಕಣ್ಣಿಗೆ ಹಳದಿ ಕಾಣುತ್ತೆ. ಅದನ್ನ ನೋಡಿದವನಿಗೆ 'ಇನ್ನೊಂದೇ ಹೆಜ್ಜೆ' ಅನ್ನಿಸೋದು ಸಹಜ. ಗ್ರಂಥದ ಭರವಸೆಯೂ ಏರುತ್ತಾ ಹೋಗುತ್ತೆ: ಶತವೇಧಿ ರಸ ತನ್ನ ನೂರು ಪಟ್ಟು ಲೋಹವನ್ನ ಚಿನ್ನ ಮಾಡುತ್ತೆ, ಸಹಸ್ರವೇಧಿ ಸಾವಿರ ಪಟ್ಟು, ಕೋಟಿವೇಧಿ ಕೋಟಿ ಪಟ್ಟು.

ಪಾದರಸಕ್ಕೆ ಹದಿನೆಂಟು ಸಂಸ್ಕಾರ. ಬೆವರಿಸು, ಅರೆ, ಮೂರ್ಛೆಗೊಳಿಸು, ಎಬ್ಬಿಸು, ಬಟ್ಟಿ ಇಳಿಸು... ಕೊನೆಗೆ ವೇಧ, ಆಮೇಲೆ ಭಕ್ಷಣ. ಮೊದಲು ಲೋಹದ ಮೇಲೆ ಪರೀಕ್ಷೆ, ಅದು ಗೆದ್ದರೆ ಮಾತ್ರ ದೇಹಕ್ಕೆ ಅನ್ನುವ ನಿಯಮ ಇದೆ. ಓದಿದಾಗ ಸ್ಟೇಜಿಂಗ್, ಪ್ರೊಡಕ್ಷನ್ ಅಂತ ಖುಷಿಯಾಯ್ತು. ಆದರೆ ಒಂದು ಕಡೆ ನಾನು ಸಿಕ್ಕಿಬಿದ್ದೆ. ಸೋತರೆ ಏನು? ಸೋತವನ ದಾಖಲೆ ಎಲ್ಲಿದೆ? ನಾನು ಓದಿದ ಮಟ್ಟಿಗೆ ಸೋಲಿಗೆ ಉತ್ತರ ಮೊದಲೇ ಸಿದ್ಧ: ಗುರುವಿನ ಅನುಗ್ರಹ ಇಲ್ಲ, ಮಂತ್ರ ತಪ್ಪಿತು, ಗುಟ್ಟು ಬಯಲಾಗಿ ವೀರ್ಯ ಹೋಯ್ತು. ರೆಸಿಪಿ ತಪ್ಪು ಅನ್ನುವ ಸಾಧ್ಯತೆಗೆ ಬಾಗಿಲೇ ಇಲ್ಲ. ಪ್ರೊಡಕ್ಷನ್ ಬಿದ್ದಾಗಲೆಲ್ಲ 'ಡೆವಲಪರ್ ಸ್ನಾನ ಮಾಡಿರಲಿಲ್ಲ' ಅಂತ ಟಿಕೆಟ್ ಮುಚ್ಚಿದ ಹಾಗೆ. ಅದೇ ಕೋಣೆ, ಅದೇ ದೀಕ್ಷೆ, ಅದೇ ಒಲೆ. ಸತು ಕೆಲಸ ಮಾಡಿತು, ಯಾಕೆಂದರೆ ಜ್ವಾಲೆಯ ಬಣ್ಣ ಎಲ್ಲರಿಗೂ ಕಾಣುತ್ತೆ. ಚಿನ್ನದ ತಪ್ಪು ಶತಮಾನಗಟ್ಟಲೆ ನಕಲಾಗುತ್ತಾ ಬಂತು.

ಇದು ಒಳಗಿನವರಿಗೇ ಗೊತ್ತಿರಲಿಲ್ಲ ಅಂತಲ್ಲ. 'ರಸೇಂದ್ರಚಿಂತಾಮಣಿ'ಯ ಕರ್ತೃ, ನಾನು ಕೈಯಾರೆ ಮಾಡಿ ನೋಡಿದ್ದನ್ನ ಮಾತ್ರ ಬರೀತೀನಿ, ಮಾಡಿ ತೋರಿಸಬಲ್ಲವನೇ ಗುರು, ನೋಡಿ ಮಾಡಬಲ್ಲವನೇ ಶಿಷ್ಯ, ಉಳಿದವರು ರಂಗದ ಮೇಲಿನ ನಟರು ಅನ್ನುವ ಅರ್ಥದ ಮಾತು ಹೇಳ್ತಾನೆ. ಇದನ್ನ ಎತ್ತಿ ಲೋಕಕ್ಕೆ ತೋರಿಸಿದವರು ಪ್ರಫುಲ್ಲಚಂದ್ರ ರಾಯ್. ಹಿಂದೂ ರಸಾಯನಶಾಸ್ತ್ರದ ಚರಿತ್ರೆಯ ಎರಡು ಸಂಪುಟಗಳನ್ನ ಅವರು 1902 ಮತ್ತು 1909ರಲ್ಲಿ ಹೊರತಂದರು. ಅವರಿಗೆ ಹೆಸರು ತಂದದ್ದೂ ಪಾದರಸದ್ದೇ ಒಂದು ಸಂಯುಕ್ತ, ಮರ್ಕ್ಯುರಸ್ ನೈಟ್ರೈಟ್. ವ್ಯತ್ಯಾಸ ಇಷ್ಟೇ, ಅದನ್ನ ಪತ್ರಿಕೆಯಲ್ಲಿ ಅಚ್ಚು ಹಾಕಿಸಿದರು, ಬೇಕಾದವರು ಮಾಡಿ ನೋಡಲಿ ಅಂತ.

ಈಗ ನಮ್ಮಜ್ಜ. ತುಂಗಭದ್ರಾ ಕಾಲುವೆ ಬಂದ ಮೇಲೆ ನಮ್ಮ ಹೊಲಕ್ಕೆ ಬೆಲೆ ಬಂತು. 1960ರ ದಶಕದಲ್ಲಿ ಅಜ್ಜ ಶ್ರೀಶೈಲದ ಜಾತ್ರೆಗೆ ಹೋದವನು ಒಬ್ಬ ಸಾಧುವನ್ನ ಕರ್ಕೊಂಡು ಬಂದ. ದನದ ಕೊಟ್ಟಿಗೆಯ ಹಿಂದಿನ ಕೋಣೆ ತೆರವಾಯ್ತು. ಕಿಟಕಿಗೆ ಗೋಣಿಚೀಲ ಹೊಡೆದರು, ಯಾರೂ ನೋಡಬಾರದಲ್ಲ. ಪೂರ್ವಕ್ಕೆ ಒಂದು ಭೈರವನ ಪಟ. ಎರಡು ವರ್ಷ. ಸಾಧು ಒಂದು ದಿನ ಕಾಣಲಿಲ್ಲ, ಎರಡು ಎಕರೆ ನೀರಾವರಿ ಮತ್ತು ಅಜ್ಜಿಯ ಟೀಕಿ ಅಷ್ಟರಲ್ಲಿ ಹೋಗಿದ್ದವು. ಅಜ್ಜ ಬಿಡಲಿಲ್ಲ, ಒಬ್ಬನೇ ಮುಂದುವರಿಸಿದ. ಆಮೇಲೆ ಅವನ ಕೈ ನಡುಗೋಕೆ ಶುರುವಾಯ್ತು. ಕಾಫಿ ಲೋಟ ಹಿಡಿಯೋಕಾಗ್ತಿರಲಿಲ್ಲ. ಸಣ್ಣ ಮಾತಿಗೂ ಸಿಟ್ಟು, ಜನ ಬಂದರೆ ಒಳಗೆ ಹೋಗಿ ಕೂರೋದು. ಮನೆಯವರು ಭೈರವನ ಮುನಿಸು ಅಂದರು. ಅಜ್ಜನೂ ಹಾಗೇ ನಂಬಿ ಸತ್ತ.

ಪಾದರಸ 357 ಡಿಗ್ರಿಗೆ ಕುದಿಯುತ್ತೆ, ಆದರೆ ಆವಿಯಾಗೋಕೆ ಕುದಿಯಲೇಬೇಕು ಅಂತಿಲ್ಲ. ಆ ಆವಿಗೆ ಬಣ್ಣ ಇಲ್ಲ, ವಾಸನೆ ಇಲ್ಲ. ಕೈ ನಡುಕ, ವಿಪರೀತ ಸಂಕೋಚ ಮತ್ತು ಸಿಟ್ಟು, ಮರೆವು, ಒಸಡಿನ ರಕ್ತ. ಯುರೋಪಿನ ಟೋಪಿ ಮಾಡುವವರಲ್ಲಿ, ಮುಲಾಮು ಕೆಲಸದವರಲ್ಲಿ ಕಂಡ ಲಕ್ಷಣಗಳ ಪಟ್ಟಿ ಇದು. ನಾನಿದನ್ನ ರತ್ನಾಚಲ್ ಎಕ್ಸ್‌ಪ್ರೆಸ್‌ನಲ್ಲಿ, ವೈಜಾಗ್‌ನಿಂದ ವಿಜಯವಾಡಕ್ಕೆ ಹೋಗ್ತಾ ಮೊಬೈಲ್‌ನಲ್ಲಿ ಓದಿದೆ. ಅಜ್ಜನನ್ನ ಪರೀಕ್ಷೆ ಮಾಡಿದ ಡಾಕ್ಟರು ಯಾರೂ ಇಲ್ಲ, ಇದೇ ಕಾರಣ ಅಂತ ಸರ್ಟಿಫಿಕೇಟ್ ಕೊಡೋಕೆ ನಾನ್ಯಾರು. ಆದರೆ ರಾಜಮಂಡ್ರಿ ಬರುವವರೆಗೆ ಆ ಪುಟ ಮುಚ್ಚೋಕಾಗಲಿಲ್ಲ.

ಆ ಪ್ರಯಾಣ ಒಂದು ಔಷಧ ಕಾರ್ಖಾನೆ ನೋಡೋಕೆ. ವಿಜಯವಾಡದ ಹೊರಗೆ, ಗೆಳೆಯನ ಸಂಬಂಧಿಕರೊಬ್ಬರು ಕೆಲಸ ಮಾಡುವ ಜಾಗ. ಅಲ್ಲಿ ವಾಲುಕಾಯಂತ್ರ ಇನ್ನೂ ಇದೆ: ಮರಳು ತುಂಬಿದ ಪಾತ್ರೆ, ಅದರಲ್ಲಿ ಕುತ್ತಿಗೆವರೆಗೆ ಹೂತ ಗಾಜಿನ ಕುಪ್ಪಿ, ಕುಪ್ಪಿಗೆ ಬಟ್ಟೆ ಮತ್ತು ಮಣ್ಣಿನ ಏಳು ಸುತ್ತು. ಒಳಗೆ ಪಾದರಸ ಗಂಧಕ. ಬೆಂಕಿ ಏರಿಸ್ತಾ ಹೋದರೆ ಕುತ್ತಿಗೆಯಲ್ಲಿ ಕೆಂಪಗೆ ರಸಸಿಂದೂರ ಕಟ್ಟುತ್ತೆ. ಒಲೆಯ ಮೇಲೆ ಗಣಪತಿಯ ಫೋಟೊ, ಕುಂಕುಮ, ಬೆಳಿಗ್ಗೆಯ ಊದುಬತ್ತಿ. ತಲೆ ಮೇಲೆ ಹೊಗೆ ಎಳೆಯುವ ದೊಡ್ಡ ಫ್ಯಾನು. ಕೆಲಸದವರಿಗೆ ಮುಖಕ್ಕೆ ಮಾಸ್ಕು, ಆಗಾಗ ಮೂತ್ರ ಪರೀಕ್ಷೆ. ಗೋಡೆಗೆ ತೂಗುಹಾಕಿದ ಬ್ಯಾಚ್ ರಿಜಿಸ್ಟರ್. ತಿರುವಿ ಹಾಕಿದೆ. ಒಂದು ಪುಟದಲ್ಲಿ ಕೆಂಪು ಶಾಯಿಯಲ್ಲಿ ತೆಲುಗಿನಲ್ಲಿ ಬರೆದಿತ್ತು: ಕುಪ್ಪಿ ಒಡೆದಿದೆ, ಉಷ್ಣತೆ ಬೇಗ ಏರಿದೆ, ಬ್ಯಾಚ್ ತಿರಸ್ಕೃತ. ಕೆಳಗೆ ಇಬ್ಬರ ಸಹಿ. ಫೋಟೊ ತೆಗೆಯಬಹುದಾ ಅಂತ ಕೇಳಿದೆ, ಅವರಿಗೆ ವಿಚಿತ್ರ ಅನ್ನಿಸಿತು, ಹಾಳಾದ ಬ್ಯಾಚಿನ ಫೋಟೊ ಯಾಕೆ ಅಂತ. ತೆಗೆಯೋಕೆ ಬಿಡಲಿಲ್ಲ. ಈ ಔಷಧಿಗಳು ಒಳ್ಳೇದಾ ಕೆಟ್ಟದ್ದಾ ಅನ್ನೋ ಜಗಳಕ್ಕೆ ನಾನಿಲ್ಲಿ ಇಳಿಯಲ್ಲ. ಆನ್‌ಲೈನ್‌ನಲ್ಲಿ ಹೆಸರಿಲ್ಲದ ಸಿಂದೂರ ಭಸ್ಮ ತರಿಸಿ ತಿನ್ನುವವರು ನಮ್ಮಲ್ಲೂ ಇದ್ದಾರೆ, ಅವರು ಆ ರಿಜಿಸ್ಟರ್ ಯಾರ ಹತ್ತಿರ ಇದೆ ಅಂತ ಕೇಳಿ ತಗೊಳ್ಳಿ.

ವಿಡಿಯೊ ನೋಡಿ ಅಪ್ಪ ಫೋನ್ ಮಾಡಿದರು. "ಎಲ್ಲಾ ಸರಿ ಹೇಳೀಯಪ್ಪ, ಆದ್ರ ಒಂದು ಬಿಟ್ಟೀದಿ" ಅಂದರು.

"ಏನಪ್ಪಾ?"

"ಸಾಧು ಹೋದಮ್ಯಾಲ ತಿದಿ ಯಾರು ಒತ್ತತಿದ್ರು ಅಂತ. ನಿಮ್ಮಜ್ಜಿನ. ದಿನಾ ರಾತ್ರಿ. ನಿಮ್ಮಜ್ಜ ಮಂತ್ರ ಹೇಳ್ಕೋತ ಕುಂದರ್ತಿದ್ದ, ಒಲಿ ಮುಂದ ಆಕಿ. ನಾವು ಸಣ್ಣವರು ಬಾಗಲದಾಗ ಮಲಗತಿದ್ವಿ."

ಅಜ್ಜಿಗೆ ಏನಾದರೂ ಆಗಿತ್ತಾ ಅಂತ ಕೇಳಿದೆ. ಅಪ್ಪ ಸ್ವಲ್ಪ ಹೊತ್ತು ಮಾತಾಡಲಿಲ್ಲ. "ಒಸಡಾಗ ರಕ್ತ ಬರ್ತಿತ್ತು. ನಲವತ್ತು ತುಂಬೋದ್ರಾಗ ಹಲ್ಲೆಲ್ಲ ಬಿದ್ದಿದ್ವು. ಇದ್ದಿಲು ಹಚ್ಚಿ ಜೋರು ತಿಕ್ತಿ ಅದಕ್ಕ ಅಂತ ನಿಮ್ಮಜ್ಜ ಬೈತಿದ್ದ."

ಆಮೇಲೆ ಅವರೇ, ಆ ಸೀಸೆಯನ್ನ ಹೋದ ದೀಪಾವಳಿಗೆ ಮೊಮ್ಮಗಳಿಗೆ ತೋರಿಸಿದ್ದು ನೆನಪು ಮಾಡಿದರು. ನನ್ನ ಮಗಳು, ಐದು ವರ್ಷ. ಸ್ಟೀಲ್ ತಾಟಿನಲ್ಲಿ ಸುರಿದು ಮಣಿ ಮಣಿ ಮಾಡಿ ಓಡಿಸಿ ಆಡಿದ್ದಳು. ನಾನೂ ಅವಳ ವಯಸ್ಸಲ್ಲಿ ಅದೇ ಜಗಲಿ ಮುಂದೆ ಕೂತು ಆಡಿದವನೇ.

ಬಿರಡೆ ತೆಗೀಬೇಡಿ, ಸೀಸೆಯನ್ನ ಹಾಗೇ ದೊಡ್ಡ ಗಾಜಿನ ಬರಣಿಯಲ್ಲಿಟ್ಟು ಮುಚ್ಚಳ ಬಿಗಿ ಮಾಡಿ ಹೊರಗಿನ ಕೋಣೆಯಲ್ಲಿಡಿ, ಬಚ್ಚಲಿಗೆ ಸುರೀಬೇಡಿ, ಬಾವಿ ಹತ್ತಿರ ಅಂತೂ ಬೇಡವೇ ಬೇಡ ಅಂದೆ. ಯಾರಿಗೆ ಒಪ್ಪಿಸಬೇಕು ಅಂತ ಜಿಲ್ಲಾ ಕಚೇರಿಯಲ್ಲಿ ವಿಚಾರಿಸ್ತಿದ್ದೇನೆ. ಮೂಸೆಯನ್ನೂ ಜಗಲಿಯಿಂದ ಇಳಿಸಿ ಅಂದಿದ್ದಕ್ಕೆ ಅಪ್ಪ, "ಅದು ನೀನ ಬಂದು ಇಳಸು" ಅಂದರು. ಶುಕ್ರವಾರದ ಅಮರಾವತಿ ಎಕ್ಸ್‌ಪ್ರೆಸ್‌ಗೆ ಟಿಕೆಟ್ ಆಗಿದೆ.